ತೆಳು ಸೀರೆ, ಆಳ ಬೆನ್ನು: ಒಳ ಉಡುಪಿನ ಲೆಕ್ಕ

ತೆಳು ಬಟ್ಟೆಯ ಸೀರೆಗೆ ಅಥವಾ ಬೆನ್ನು ಆಳವಾಗಿ ತೆಗೆದ ರವಿಕೆಗೆ ಒಳ ಉಡುಪು ಆರಿಸುವಾಗ ಎರಡು ಪ್ರಶ್ನೆಗಳು ಒಂದರೊಳಗೊಂದು ಸಿಕ್ಕಿಕೊಳ್ಳುತ್ತವೆ. ಒಳಗಿನದು ಹೊರಗೆ ಕಾಣಬಾರದು ಎಂಬುದು ಒಂದು. ಎದೆಯ ಭಾರ ಹೊರಲು ಬೆನ್ನ ಮೇಲೆ ಬಟ್ಟೆಯೇ ಉಳಿದಿಲ್ಲ ಎಂಬುದು ಇನ್ನೊಂದು. ಮೊದಲನೆಯದು ಬಣ್ಣ, ಬೆಳಕಿನ ವಿಷಯ. ಎರಡನೆಯದು ಭಾರ, ಬಿಗಿತದ ವಿಷಯ. ಅಂಗಡಿಯಲ್ಲಿ ಸಾಮಾನ್ಯವಾಗಿ ಎರಡಕ್ಕೂ ಒಂದೇ ಡಬ್ಬಿ ತೆಗೆದು ತೋರಿಸುತ್ತಾರೆ: ಮೈಗೆ ಅಂಟುವ ಸಿಲಿಕೋನ್ ಕಪ್. ಮೊದಲ ಪ್ರಶ್ನೆಗೆ ಅದು ತಕ್ಕ ಉತ್ತರವೇ. ಎರಡನೆಯದಕ್ಕೆ ಬಹಳ ಮಂದಿಯ ಮಟ್ಟಿಗೆ ಉತ್ತರವಲ್ಲ.

ಮಹಾರಾಷ್ಟ್ರದ ಸಾಂಗಲಿಗೆ ಅಂಟಿಕೊಂಡಂತೆ, ಕೃಷ್ಣಾ ಮತ್ತು ವಾರಣಾ ನದಿಗಳು ಕೂಡುವಲ್ಲಿರುವ ಹರಿಪುರದಲ್ಲಾಗಲಿ, ಮಿರಜಿನಲ್ಲಾಗಲಿ ಇಂದಿನ ಮದುವೆಗಳಲ್ಲಿ ಒಂದೇ ದಿನ ಎರಡು ಕಾಲದ ಉಡುಪುಗಳು ಕಾಣಸಿಗುತ್ತವೆ. ಅಕ್ಷತೆಯ ಹೊತ್ತಿಗೆ ದಪ್ಪ ರೇಷ್ಮೆ, ಸಂಜೆಯ ಆರತಕ್ಷತೆಗೆ ನೆಟ್, ಜಾರ್ಜೆಟ್, ಆರ್ಗಂಜಾ ಸೀರೆ ಅಥವಾ ನೆಲ ಮುಟ್ಟುವ ಗೌನು. ಅಥಣಿ, ಕಾಗವಾಡ, ಉಗಾರದ ಕಡೆಯಿಂದಲೂ ಜತ್ ತಾಲ್ಲೂಕಿನ ಕನ್ನಡ ಹಳ್ಳಿಗಳಿಂದಲೂ ಮದುವೆಯ ಜವಳಿಗೆಂದು ಸಾಂಗಲಿಯ ಕಾಪಡ ಪೇಠೆಗೆ ಬರುವ ಮನೆಗಳಲ್ಲಿ ಸೀರೆಯ ಆಯ್ಕೆಗೆ ಇಡೀ ದಿನ ಹೋಗುತ್ತದೆ, ರವಿಕೆಯ ಕಸೂತಿಗೆ ಇನ್ನಷ್ಟು. ಒಳ ಉಡುಪಿನ ನೆನಪು ಬರುವುದು ಹಿಂದಿನ ದಿನ ಸಂಜೆ. ಅಷ್ಟು ಹೊತ್ತಿಗೆ ರವಿಕೆ ಹೊಲಿದು ಮುಗಿದಿರುತ್ತದೆ. ಈ ಕ್ರಮ ತಲೆಕೆಳಗಾದದ್ದೇ ಹೆಚ್ಚಿನ ಫಜೀತಿಗಳ ಮೂಲ. ಬೆನ್ನು ಎಷ್ಟು ಆಳ ಇರಬೇಕೆಂದು ಸಿಂಪಿಗನಿಗೆ ಹೇಳುವ ಮೊದಲೇ ಒಳಗೇನು ಇರುತ್ತದೆ ಎಂಬುದು ತೀರ್ಮಾನವಾಗಿರಬೇಕು.

ಹಳೆಯ ಉಡುಪಿಗೆ ಈ ತಾಪತ್ರಯ ಇರಲಿಲ್ಲ. ಈ ಸೀಮೆಯ ಹೆಂಗಸರು ಉಡುತ್ತಿದ್ದ ಇಳಕಲ್ಲ ಸೀರೆಯ ಒಡಲು ಗಟ್ಟಿ ನೇಯ್ಗೆಯ ಹತ್ತಿಯದು. ರೇಷ್ಮೆಯ ಸೆರಗನ್ನು ಒಡಲಿನ ಹಾಸು ನೂಲಿಗೆ ಕೊಂಡಿ ಹಾಕಿ ಕೂಡಿಸುತ್ತಾರೆ. ಬೆಳಕಿಗೆ ಅಡ್ಡ ಹಿಡಿದರೂ ಅದರಾಚೆ ಏನೂ ಕಾಣದು. ಕಚ್ಚೆ ಹಾಕಿ ಉಡುವ ಉದ್ದದ ಸೀರೆಗೆ ಪರಕಾರವೂ, ಅಂದರೆ ಒಳಲಂಗವೂ, ಬೇಕಿರಲಿಲ್ಲ. ಮೇಲೆ ಗುಳೇದಗುಡ್ಡದ ಖಣದ ಕುಬಸ. ಎದೆಯ ಕೆಳಗೆ ಎರಡು ತುದಿಗಳನ್ನು ಎಳೆದು ಗಂಟು ಹಾಕಿದಾಗ ಆ ಗಂಟೇ ಸುತ್ತಲೂ ಒಂದು ಬಿಗಿಯಾದ ಪಟ್ಟಿಯನ್ನು ಹುಟ್ಟಿಸುತ್ತಿತ್ತು. ಬೆನ್ನಿನ ತುಂಬ ಬಟ್ಟೆ, ಮುಂದೆ ಗಂಟು, ಬೇಕಾದಷ್ಟು ಬಿಗಿ. ದೇಹ ಹೆಚ್ಚು ಕಡಿಮೆಯಾದರೆ ಗಂಟನ್ನು ಸಡಿಲಿಸಬಹುದು, ಬಿಗಿಯಬಹುದು. ಹುಕ್ಕಿನ ರವಿಕೆಯಂತೆ ಬಿಚ್ಚಿ ಹೊಲಿಯಬೇಕಿಲ್ಲ. ಹೊರ ಉಡುಪೇ ಒಳ ಉಡುಪಿನ ಕೆಲಸವನ್ನೂ ಮಾಡುತ್ತಿತ್ತು. ಇನ್ನೂ ಹಿಂದಕ್ಕೆ ಹೋದರೆ ದಕ್ಷಿಣದ ಮೂರ್ತಿಶಿಲ್ಪದಲ್ಲಿ ಕುಚಬಂಧ ಎಂಬ ಎದೆಪಟ್ಟಿ ಸಿಗುತ್ತದೆ. ವಿಷ್ಣುವಿನ ಎರಡು ಪಕ್ಕದಲ್ಲಿ ನಿಂತ ದೇವಿಯರಲ್ಲಿ ಶ್ರೀದೇವಿಯನ್ನು ಗುರುತಿಸುವುದೇ ಈ ಪಟ್ಟಿಯಿಂದ, ಭೂದೇವಿಗೆ ಅದು ಇರುವುದಿಲ್ಲ.

ಬಟ್ಟೆಯಿಂದ ಆಕಾರ ಕಟ್ಟುವ ವಿದ್ಯೆ ಈ ಊರುಗಳಿಗೆ ಇನ್ನೊಂದು ದಾರಿಯಿಂದಲೂ ಪರಿಚಿತ. ‘ಸಂಗೀತ ಶಾರದಾ’ (1899) ನಾಟಕ ಬರೆದ ಗೋವಿಂದ ಬಲ್ಲಾಳ ದೇವಲ್ ಹರಿಪುರದವರು. ಅವರ ಕಾಲದ ರಂಗದಲ್ಲಿ ಹೆಣ್ಣಿನ ಪಾತ್ರಗಳನ್ನು ಗಂಡಸರೇ ಮಾಡುತ್ತಿದ್ದರು. ಸಾಂಗಲಿ ಜಿಲ್ಲೆಯ ನಾಗಠಾಣೆಯಲ್ಲಿ 1888ರಲ್ಲಿ ಹುಟ್ಟಿದ ನಟ ಬಾಲಗಂಧರ್ವರು ಸೀರೆ ಉಡುತ್ತಿದ್ದ ಬಗೆಯನ್ನು ಆ ಕಾಲದ ಮನೆಯ ಹೆಂಗಸರೇ ಅನುಕರಿಸಿದರು. ಮೈಯಲ್ಲಿಲ್ಲದ ಆಕಾರವನ್ನು ಉಡುಪಿನೊಳಗೆ ಕಟ್ಟಬಹುದಾದರೆ, ಇರುವ ಆಕಾರಕ್ಕೆ ಆಧಾರ ಕೊಡುವುದು ಅಷ್ಟೇನೂ ಕಷ್ಟವಲ್ಲ. ಹೊಲಿಯುವವರಿಗೆ ಅದು ತಮ್ಮ ಕೆಲಸ ಎಂದು ಗೊತ್ತಿರಬೇಕು, ಹೊಲಿಸುವವರು ಕೇಳಬೇಕು.

ಭಾರ ಎಲ್ಲಿ ನಿಲ್ಲುತ್ತದೆ

ಇಂದಿನ ಬ್ರಾ ಹುಟ್ಟಿದ ಪ್ರಸಂಗಗಳಲ್ಲಿ ಹೆಚ್ಚು ಹೆಸರಾದದ್ದು ತೆಳು ಉಡುಪಿನದೇ. ನ್ಯೂಯಾರ್ಕಿನ ಮೇರಿ ಫೆಲ್ಪ್ಸ್ ಜೇಕಬ್ ಎಂಬ ಯುವತಿ ನೃತ್ಯಕೂಟಕ್ಕೆಂದು ಉಟ್ಟ ತೆಳು ಗೌನಿನಡಿ ಕಾರ್ಸೆಟ್ಟಿನ ಗಟ್ಟಿ ಕಡ್ಡಿಗಳು ಎದ್ದು ಕಾಣುತ್ತಿದ್ದವು. ಆಕೆ ಅದನ್ನು ಬಿಚ್ಚಿಟ್ಟು ಎರಡು ರೇಷ್ಮೆ ಕರವಸ್ತ್ರಗಳನ್ನು ರಿಬ್ಬನ್ನಿನಿಂದ ಕೂಡಿಸಿ ಕಟ್ಟಿಕೊಂಡಳು. 1914ರ ನವೆಂಬರಿನಲ್ಲಿ ಅದಕ್ಕೆ ಪೇಟೆಂಟ್ ಸಿಕ್ಕಿತು. ಬೆನ್ನಿಲ್ಲದ ಬ್ರಾ ಎಂದೇ ಅದನ್ನು ಗುರುತಿಸುತ್ತಾರೆ. ಮುಂದೆ ಆಕೆ ಅದರ ಹಕ್ಕನ್ನು ವಾರ್ನರ್ ಎಂಬ ಕಾರ್ಸೆಟ್ ಕಂಪನಿಗೆ 1500 ಡಾಲರಿಗೆ ಮಾರಿದಳು. ಆ ಕಟ್ಟು ಎದೆಯನ್ನು ಎತ್ತಿ ಹಿಡಿಯುವುದಕ್ಕಿಂತ ಒತ್ತಿ ಚಪ್ಪಟೆ ಮಾಡುತ್ತಿತ್ತು. ಎಡ, ಬಲ ಬೇರೆಯಾದ ಕಪ್ಪುಗಳೂ ಅವುಗಳಿಗೆ ಎ, ಬಿ, ಸಿ, ಡಿ ಎಂಬ ಅಕ್ಷರದ ಅಳತೆಯೂ ನೆಲೆಯಾದದ್ದು 1930ರ ದಶಕದಲ್ಲಿ.

ಸ್ತನದೊಳಗೆ ಅದನ್ನು ಎತ್ತಿ ಹಿಡಿಯುವ ಸ್ನಾಯುವಿಲ್ಲ. ಕೊಬ್ಬು ಮತ್ತು ಹಾಲುಗ್ರಂಥಿಗಳ ನಡುವೆ ಹಾದುಹೋಗುವ, ಆಸ್ಟ್ಲಿ ಕೂಪರ್ ಎಂಬ ಇಂಗ್ಲಿಷ್ ಶಸ್ತ್ರವೈದ್ಯನ ಹೆಸರಿನಿಂದ ಕರೆಯುವ ತೆಳುವಾದ ತಂತುಗಳು ಹಾಗೂ ಮೇಲಿನ ಚರ್ಮ, ಇವಿಷ್ಟೇ ಅದರ ಸ್ವಂತ ಆಧಾರ. ಹೊರಗಿನಿಂದ ಆಧಾರ ಕೊಡುವ ಬ್ರಾದಲ್ಲಿ ಹೆಚ್ಚಿನ ಭಾರ ಹೊರುವುದು ಎದೆಯ ಕೆಳಗೆ ಮೈಸುತ್ತ ಹೋಗುವ ಪಟ್ಟಿ. ಹೆಗಲಪಟ್ಟಿಗಳ ಪಾಲು ಸಣ್ಣದು. ಕಪ್ಪು ಮುಂದಕ್ಕೆ ವಾಲದಂತೆ ನೋಡಿಕೊಳ್ಳುವುದಷ್ಟೇ ಅವುಗಳ ಮುಖ್ಯ ಕೆಲಸ. ಹೆಗಲ ಮೇಲೆ ಕೆಂಪು ಗೆರೆ ಬೀಳುತ್ತಿದೆ ಎಂದರೆ ಕೆಳಪಟ್ಟಿ ಸಡಿಲವಾಗಿದ್ದು ಭಾರವೆಲ್ಲ ಹೆಗಲಿಗೆ ಬಿದ್ದಿದೆ ಎಂದು ತಿಳಿಯಬೇಕು. ಈ ಪಟ್ಟಿ ಬೆನ್ನ ಮೇಲೆ ಅಡ್ಡವಾಗಿ ಹಾದು ಸುತ್ತು ಮುಗಿಸಿದರೆ ಮಾತ್ರ ಬಿಗಿ ನಿಲ್ಲುತ್ತದೆ. ಬೆನ್ನಿನ ಬಟ್ಟೆ ತೆಗೆಯುವುದೆಂದರೆ ಆ ಸುತ್ತನ್ನೇ ಕತ್ತರಿಸಿದಂತೆ. ಆಳ ಬೆನ್ನಿನ ಉಡುಪಿಗೆಂದು ಮಾರುವ ಪ್ರತಿಯೊಂದು ವಸ್ತುವನ್ನೂ ಒಂದೇ ಪ್ರಶ್ನೆಯಿಂದ ಅಳೆಯಬಹುದು: ಕಡಿದ ಸುತ್ತು ಬೇರೆ ಯಾವ ದಾರಿಯಲ್ಲಿ ಕೂಡುತ್ತದೆ?

ಅದಕ್ಕೂ ಮೊದಲು ಅಳತೆ ಸರಿಯಿರಬೇಕು. ಇಲ್ಲಿ ನಡೆಯುವ ತಪ್ಪು ಬಲು ಸಾಮಾನ್ಯವಾದದ್ದು. ರವಿಕೆಯ ನಂಬರೇ ಬ್ರಾದ ನಂಬರು ಎಂದುಕೊಂಡು 36ರ ರವಿಕೆಯವರು 36ರ ಬ್ರಾ ಕೇಳುತ್ತಾರೆ, ಅಂಗಡಿಯವರು ಕೊಡುತ್ತಾರೆ. ರವಿಕೆಯ 36 ಎಂದರೆ ಎದೆಯ ತುಂಬು ಭಾಗದ ಸುತ್ತಳತೆ. ಬ್ರಾದ ನಂಬರು ಎದೆಯ ಕೆಳಗಿನ ಸುತ್ತಳತೆಯದು. ಎರಡರ ನಡುವಿನ ವ್ಯತ್ಯಾಸ ಅಕ್ಷರವಾಗುತ್ತದೆ: ಒಂದು ಇಂಚಿಗೆ ಎ, ಎರಡಕ್ಕೆ ಬಿ, ಮೂರಕ್ಕೆ ಸಿ, ನಾಲ್ಕಕ್ಕೆ ಡಿ. ತುಂಬು ಸುತ್ತಳತೆ 36, ಕೆಳಸುತ್ತಳತೆ 32 ಇರುವವರಿಗೆ ಬೇಕಾದದ್ದು 32ಡಿ. ಅವರು ವರ್ಷಗಟ್ಟಲೆ ತೊಟ್ಟದ್ದು 36ಬಿ. ಪಟ್ಟಿ ನಾಲ್ಕು ಇಂಚು ಸಡಿಲ. ಕೆಲವು ಕಂಪನಿಗಳು ಹಳೆಯ ಪದ್ಧತಿಯಂತೆ ಕೆಳಸುತ್ತಳತೆಗೆ ನಾಲ್ಕೈದು ಇಂಚು ಸೇರಿಸಿಯೇ ನಂಬರು ಕೊಡುವುದರಿಂದ ಗೊಂದಲ ಇನ್ನೂ ಹೆಚ್ಚು. ಹಾಗಾಗಿ ನಂಬರಿಗಿಂತ ಪರೀಕ್ಷೆಯನ್ನು ನಂಬುವುದು ಮೇಲು. ಪಟ್ಟಿ ಮುಂದೆಯೂ ಹಿಂದೆಯೂ ನೆಲಕ್ಕೆ ಸಮನಾಗಿ ನಿಂತಿರಬೇಕು, ಬೆನ್ನಲ್ಲಿ ಮೇಲೇರಬಾರದು. ಅದರಡಿ ಎರಡು ಬೆರಳು ತೂರಬೇಕು, ಕೈ ತೂರಬಾರದು. ಹೊಸದು ಹೊರಗಿನ ಹುಕ್ಕಿಗೆ ಸರಿಯಾಗಿ ಕೂರಬೇಕು. ತೊಟ್ಟು ತೊಟ್ಟು ಎಲಾಸ್ಟಿಕ್ ಸಡಿಲವಾದಂತೆ ಒಳಗಿನ ಹುಕ್ಕುಗಳಿಗೆ ಜಾಗವಿರಬೇಕಲ್ಲ.

ಬೆನ್ನಿನ ಇಂಚುಗಳು

ಸಿಂಪಿಗರು ಬೆನ್ನಿನ ಆಳವನ್ನು ಹೆಗಲಿಂದ ಕೆಳಕ್ಕೆ ಇಂಚಿನಲ್ಲಿ ಹೇಳುತ್ತಾರೆ. ರವಿಕೆಯ ಒಟ್ಟು ಉದ್ದ 14 ಇಂಚು, ಬೆನ್ನಿನ ಆಳ 10 ಎಂದಾದರೆ ಕೆಳಗೆ ನಾಲ್ಕು ಇಂಚು ಬಟ್ಟೆ ಉಳಿಯುತ್ತದೆ. ಎರಡು ಹುಕ್ಕಿನ ಬ್ರಾದ ಪಟ್ಟಿ ಒಂದೂವರೆ ಇಂಚಿನ ಆಸುಪಾಸು. ನಾಲ್ಕು ಇಂಚಿನ ಮರೆಯಲ್ಲಿ ಅದು ಆರಾಮಾಗಿ ಅಡಗುತ್ತದೆ. ಅಂದರೆ 10 ಇಂಚು ಆಳದ ರವಿಕೆಯಲ್ಲಿ ಆಧಾರದ ಸಮಸ್ಯೆಯೇ ಇಲ್ಲ, ಹೆಗಲಪಟ್ಟಿ ಕಾಣುವುದೊಂದೇ ಸಮಸ್ಯೆ. ಆಳ 12ಕ್ಕೆ ಇಳಿದರೆ ಉಳಿಯುವುದು ಎರಡು ಇಂಚು. ಕೈ ಎತ್ತಿದಾಗ, ಬಗ್ಗಿದಾಗ ಪಟ್ಟಿ ಇಣುಕುತ್ತದೆ. ಅದಕ್ಕೂ ಕೆಳಗೆ ಹೋಗಿ ಬರೀ ಡೋರಿ ಮತ್ತು ಲಟಕನ್ ಉಳಿದಾಗ ಬ್ರಾದ ಪಟ್ಟಿಗೆ ಜಾಗವೇ ಇಲ್ಲ. ಆರತಕ್ಷತೆಯ ಫೋಟೋದಲ್ಲಿ 10 ಇಂಚಿಗೂ 12 ಇಂಚಿಗೂ ದೊಡ್ಡ ವ್ಯತ್ಯಾಸ ಕಾಣುವುದಿಲ್ಲ. ತೊಟ್ಟವರಿಗೆ ಮಾತ್ರ ಆ ಎರಡು ಇಂಚು ಸಂಜೆಯಿಡೀ ನೆನಪಾಗುತ್ತಿರುತ್ತದೆ.

ಹೆಗಲಪಟ್ಟಿ ಒಂದನ್ನೇ ಮರೆಸಬೇಕಾದಲ್ಲಿ ದಾರಿಗಳು ಸುಲಭ. ರವಿಕೆಯ ಹೆಗಲಿನ ಒಳಗೆ ಸಣ್ಣ ಪಟ್ಟಿ ಹೊಲಿದು ತುದಿಗೆ ಟಿಚ್ ಬಟನ್ ಇಟ್ಟರೆ ಬ್ರಾದ ಹೆಗಲಪಟ್ಟಿ ಅದರೊಳಗೆ ಸಿಕ್ಕಿಕೊಂಡು ಜಾರದೆ ನಿಲ್ಲುತ್ತದೆ. ಎರಡು ರೂಪಾಯಿಯ ಈ ಕೆಲಸವನ್ನು ಹೇಳದೆ ಯಾರೂ ಮಾಡಿಕೊಡುವುದಿಲ್ಲ. ಹೆಗಲು ತೀರ ಅಗಲವಾಗಿ ತೆರೆದಿದ್ದರೆ ಪಟ್ಟಿ ತೆಗೆಯಬಹುದಾದ ಬ್ರಾ ಬೇಕು. ಹೆಗಲಪಟ್ಟಿಯ ಪಾಲಿನ ಕೆಲಸವೂ ಆಗ ಕೆಳಪಟ್ಟಿಗೆ ಬೀಳುವುದರಿಂದ ಎಂದಿನ ಅಳತೆಗಿಂತ ಪಟ್ಟಿಯಲ್ಲಿ ಒಂದು ನಂಬರು ಕೆಳಗೆ, ಕಪ್ಪಿನಲ್ಲಿ ಒಂದು ಅಕ್ಷರ ಮೇಲೆ ಹೋಗುವುದು ವಾಡಿಕೆ: 34ಸಿ ತೊಡುವವರಿಗೆ 32ಡಿ. ಕಪ್ಪಿನ ಗಾತ್ರ ಎರಡರಲ್ಲೂ ಒಂದೇ, ಬಿಗಿ ಮಾತ್ರ ಹೆಚ್ಚು. ಒಳಅಂಚಿನುದ್ದಕ್ಕೂ ಸಿಲಿಕೋನ್ ಗೆರೆ ಇದ್ದರೆ ಕೆಳಗೆ ಜಾರುವುದು ಕಡಿಮೆಯಾಗುತ್ತದೆ.

ಬ್ರಾದ ಹಿಂದಿನ ಹುಕ್ಕಿಗೆ ಸಿಕ್ಕಿಸಿ, ಸೊಂಟದ ಸುತ್ತ ತಂದು ಮುಂದೆ ಕಟ್ಟುವ ಎಲಾಸ್ಟಿಕ್ ಪಟ್ಟಿಯೊಂದು ಮಾರುಕಟ್ಟೆಯಲ್ಲಿದೆ. ಬೆನ್ನ ಮೇಲಿನ ಸುತ್ತನ್ನು ಅದು ಸೊಂಟಕ್ಕೆ ಇಳಿಸುತ್ತದೆ, ಅಂದರೆ ಕಡಿದ ಸುತ್ತಿಗೆ ನಿಜಕ್ಕೂ ಬದಲಿ ದಾರಿ ಕೊಡುತ್ತದೆ. ಗೌನಿಗೆ ಇದು ಒಳ್ಳೆಯ ಉಪಾಯ. ಸೀರೆಗೆ ನಡೆಯುವುದಿಲ್ಲ. ರವಿಕೆಯ ಅಂಚಿಗೂ ಪರಕಾರಕ್ಕೂ ನಡುವೆ ತೆರೆದಿರುವ ಸೊಂಟದಲ್ಲಿ, ಅದರಲ್ಲೂ ಬೆನ್ನಿನ ಕಡೆ, ಆ ಪಟ್ಟಿ ನೇರವಾಗಿ ಕಾಣುತ್ತದೆ. ಸೊಂಟದವರೆಗೆ ಇಳಿಯುವ ಉದ್ದನೆಯ ಬ್ರಾ, ಕಾರ್ಸೆಟ್ ಮಾದರಿಯ ಕಟ್ಟುಗಳದೂ ಇದೇ ಕಥೆ. ಗೌನಿನವರಿಗಾಗಿ ಬರೆದ ಸಲಹೆಗಳನ್ನು ಸೀರೆಗೆ ಹಾಗೆಯೇ ಅನ್ವಯಿಸಿದರೆ ಕೆಲಸ ಕೆಡುವುದು ಈ ಕಾರಣಕ್ಕೆ. ಗೌನಿನೊಳಗೆ ಕುತ್ತಿಗೆಯಿಂದ ನೆಲದವರೆಗೆ ಅಡಗುವ ಜಾಗವಿದೆ. ಸೀರೆಯ ಮಟ್ಟಿಗೆ ಆಧಾರವೆಲ್ಲ ಹದಿನಾಲ್ಕು ಇಂಚಿನ ರವಿಕೆಯೊಳಗೇ ಮುಗಿಯಬೇಕು.

ಆದ್ದರಿಂದ ಆಳ ಬೆನ್ನಿನ ರವಿಕೆಗೆ ಅತಿ ಭರವಸೆಯ ಪರಿಹಾರ ರವಿಕೆಯೊಳಗೇ ಆಧಾರವನ್ನು ಹೊಲಿಸುವುದು. ‘ಕಪ್ ಹಾಕಿಕೊಡಿ’ ಎಂದಷ್ಟೇ ಹೇಳಿದರೆ ಸಾಲದು. ಅಸ್ತರಿನ ಒಳಗೆ ಸೇರಿಸಿದ ಎರಡು ಸ್ಪಂಜಿನ ಕಪ್ಪುಗಳು ಆಕಾರ ಕೊಡುತ್ತವೆ, ಮೊಲೆತೊಟ್ಟು ಎದ್ದು ಕಾಣದಂತೆ ಮರೆಸುತ್ತವೆ, ಭಾರ ಹೊರುವುದಿಲ್ಲ. ಭಾರ ಹೊರಬೇಕಾದದ್ದು ಎದೆಯ ಕೆಳಗಿನ ಬೆಲ್ಟ್. ಕಟೋರಿ ರವಿಕೆಯಲ್ಲಿ ಇದು ಬೇರೆಯೇ ತುಂಡಾಗಿ ಬರುತ್ತದೆ. ಪ್ರಿನ್ಸೆಸ್ ಕಟ್‌ನಲ್ಲಿ ಮೇಲಿನಿಂದ ಕೆಳಗೆ ಒಂದೇ ತುಂಡು ಇಳಿಯುವುದರಿಂದ ಒಳಗೆ ಪ್ರತ್ಯೇಕ ಪಟ್ಟಿ ಕೊಡಿಸಬೇಕಾಗುತ್ತದೆ. ಬೆಲ್ಟಿನ ಬಟ್ಟೆಯನ್ನು ಓರೆಯಾಗಿ ಕತ್ತರಿಸಬಾರದು. ಓರೆ ಬಟ್ಟೆ ಎಳೆದಂತೆ ಹಿಗ್ಗುತ್ತದೆ, ಊಟದ ಹೊತ್ತಿಗೆ ಸಡಿಲಾಗುತ್ತದೆ. ಹತ್ತಿಯ ಅಸ್ತರು, ಬೆಲ್ಟಿನೊಳಗೆ ಕ್ಯಾನ್ವಾಸು, ಪಕ್ಕದ ಹೊಲಿಗೆಗಳಲ್ಲಿ ಬಾಗುವ ಪ್ಲಾಸ್ಟಿಕ್ ಬೋನು, ಬೆನ್ನಿನ ಕೆಳತುದಿಯಲ್ಲಿ ಗಟ್ಟಿ ಹುಕ್ಕು: ಇಷ್ಟಿದ್ದರೆ ಆ ಕೊನೆಯ ಎರಡು ಇಂಚಿನ ಪಟ್ಟಿಯೇ ಬ್ರಾದ ಪಟ್ಟಿಯ ಕೆಲಸ ಮಾಡುತ್ತದೆ. ಹಳೆಯ ಕುಬಸದ ಗಂಟು ಮುಂದೆ ಮಾಡುತ್ತಿದ್ದ ಕೆಲಸವನ್ನು ಇದು ಹಿಂದೆ ಮಾಡುತ್ತದೆ. ಮೇಲಿನ ಡೋರಿಯ ಬಗ್ಗೆ ಭ್ರಮೆ ಬೇಡ. ಹೆಗಲು ಜಾರದಂತೆ ಅದು ಹಿಡಿಯುತ್ತದೆ. ಎಷ್ಟು ಬಿಗಿದರೂ ಎದೆಯನ್ನು ಎತ್ತುವುದಿಲ್ಲ.

ಅಳತೆ ಕೊಡುವ ದಿನದ ಮಾತೂ ಮುಖ್ಯ. ಹೆಗಲಿಂದ ಎದೆಯ ತುದಿಗೆ ಎಷ್ಟು, ಎರಡು ತುದಿಗಳ ನಡುವೆ ಎಷ್ಟು ಎಂಬ ಎರಡು ಅಳತೆಗಳ ಮೇಲೆ ಟಕ್ಸ್ ಮತ್ತು ಕಪ್ಪಿನ ಜಾಗ ನಿಂತಿರುತ್ತದೆ. ಸಡಿಲ ಬ್ರಾ ತೊಟ್ಟು ಅಳತೆ ಕೊಟ್ಟರೆ ಆ ತುದಿ ಒಂದು ಇಂಚು ಕೆಳಗೇ ದಾಖಲಾಗುತ್ತದೆ, ಕಪ್ಪೂ ಅಲ್ಲೇ ಕೂರುತ್ತದೆ. ಚೆನ್ನಾಗಿ ಕೂರುವ ಬ್ರಾ ತೊಟ್ಟು ಅಳತೆ ಕೊಡಬೇಕು. ಹೊಲಿದ ಕಪ್ಪಿನ ರವಿಕೆಯನ್ನು ಮಾತ್ರ ಬ್ರಾ ಇಲ್ಲದೆ ತೊಟ್ಟು ನೋಡಬೇಕು. ಮದುವೆಯ ಸೀಸನ್ನಿನಲ್ಲಿ ಸಿಂಪಿಗರ ಬಳಿ ಎರಡನೇ ಸಲ ತೊಟ್ಟು ನೋಡುವಷ್ಟು ದಿನ ಉಳಿಸಿಕೊಳ್ಳುವುದೇ ದೊಡ್ಡ ಜಾಣ್ಮೆ.

ಬರಿಯ ಬೆನ್ನೇ ಬೇಕೆಂಬ ಹಟವಿಲ್ಲದಿದ್ದರೆ ನಡುವಿನ ದಾರಿಯೊಂದಿದೆ. ಮೈಬಣ್ಣದ ಗಟ್ಟಿ ನೆಟ್ಟನ್ನು ಬೆನ್ನಿಗೆ ಕೊಟ್ಟು ಅದರ ಮೇಲೆ ಕಸೂತಿ ಮಾಡಿಸಿದರೆ ದೂರದಿಂದ ಬೆನ್ನು ಬರಿದಾಗಿಯೇ ಕಾಣುತ್ತದೆ. ಹಿಗ್ಗುವ ಸಾದಾ ನೆಟ್ ಇದಕ್ಕೆ ಆಗದು; ಎಳೆದರೆ ಮರಳಿ ಬಿಗಿಯುವ ಪವರ್ ನೆಟ್ ಬೇಕು. ಸುತ್ತು ಕಡಿಯುವುದೇ ಇಲ್ಲ, ಕಾಣದಂತಾಗುತ್ತದೆ ಅಷ್ಟೆ. ಮೈಕಟ್ಟು ದೊಡ್ಡದಿರುವವರಿಗೆ ಇದಕ್ಕಿಂತ ಒಳ್ಳೆಯ ಆಯ್ಕೆ ಕಡಿಮೆ.

ಅರಿಶಿನದ ಊರಿನಲ್ಲಿ ಅಂಟು

ಅಂಟುವ ಸಿಲಿಕೋನ್ ಕಪ್ಪಿನಲ್ಲಿ ಪಟ್ಟಿಯೂ ಇಲ್ಲ, ಹೆಗಲೂ ಇಲ್ಲ. ಚರ್ಮವೇ ಅದರ ಆಧಾರ. ನಡುವಿನ ಕ್ಲಿಪ್ಪು ಎರಡೂ ಕಪ್ಪುಗಳನ್ನು ಹತ್ತಿರಕ್ಕೆ ಎಳೆಯುತ್ತದೆ, ಮೇಲಕ್ಕೆ ಎತ್ತುವುದು ಅಷ್ಟಕ್ಕಷ್ಟೆ. ಸಣ್ಣ ಮೈಕಟ್ಟಿನವರಿಗೆ, ಎರಡು ಮೂರು ಗಂಟೆ ನಿಂತು ಫೋಟೋ ತೆಗೆಸಿಕೊಳ್ಳುವ ಸಂದರ್ಭಕ್ಕೆ ಇದು ಸಾಕು. ಭಾರ ಹೆಚ್ಚಿದಷ್ಟೂ, ಕುಣಿತ ಹೆಚ್ಚಿದಷ್ಟೂ ನಂಬಿಕೆ ಕಡಿಮೆ. ನಡೆಯುವಾಗ, ಕುಣಿಯುವಾಗ ಎದೆ ಮೇಲೆ ಕೆಳಗೆ ಮಾತ್ರವಲ್ಲ, ಪಕ್ಕಕ್ಕೂ ಮುಂದಕ್ಕೂ ಅಲುಗುತ್ತದೆ; ಅಂಟು ಬಿಡುವುದು ಹೆಚ್ಚಾಗಿ ಪಕ್ಕದ ಅಂಚಿನಿಂದ.

ಅಂಟಿನ ದೊಡ್ಡ ವೈರಿಗಳು ಎಣ್ಣೆ ಮತ್ತು ಬೆವರು. ಹರಿಪುರ ಅರಿಶಿನದ ಊರು. ಪೇವು ಎಂಬ ನೆಲದಡಿಯ ಹಗೇವುಗಳಲ್ಲಿ ಅರಿಶಿನ ತುಂಬಿಡುತ್ತಿದ್ದ ಇಲ್ಲಿನ ಪದ್ಧತಿ ಹೆಸರಾದದ್ದು, 2005ರ ಮಹಾಪೂರದಲ್ಲಿ ಆ ಪೇವುಗಳಲ್ಲಿ ಬಹಳಷ್ಟು ಹಾಳಾದವು. ಪೇವು ಹೋದರೂ ಮದುವೆಯ ಅರಿಶಿನ ಹೋಗಿಲ್ಲ. ಮದುಮಗಳಿಗೂ ಅವಳ ಅಕ್ಕತಂಗಿಯರಿಗೂ ಹಿಂದಿನ ದಿನ ಎಣ್ಣೆ ಅರಿಶಿನ ಹಚ್ಚುತ್ತಾರೆ. ಕುತ್ತಿಗೆ, ತೋಳು, ಬೆನ್ನು ಯಾವುದನ್ನೂ ಬಿಡುವುದಿಲ್ಲ. ಒಂದು ಸ್ನಾನಕ್ಕೆ ಹೋಗದೆ ಉಳಿದ ಆ ಎಣ್ಣೆಯ ಪಸೆಯ ಮೇಲೆ ಮರುದಿನ ಸಿಲಿಕೋನ್ ಅಂಟಿಸಿದರೆ ಆರತಕ್ಷತೆಯ ಸಾಲು ಮುಗಿಯುವ ಮೊದಲೇ ಅದು ಜಾರುತ್ತದೆ. ಅಂಟಿಸುವ ಜಾಗವನ್ನು ಸಾದಾ ಸೋಪಿನಲ್ಲಿ ತೊಳೆದು ಪೂರ್ತಿ ಒಣಗಿಸಬೇಕು. ಲೋಷನ್ನು, ಪೌಡರು, ಸೆಂಟು ಮುಟ್ಟಿಸಬಾರದು. ಏಪ್ರಿಲ್, ಮೇ ತಿಂಗಳ ಸಾಂಗಲಿಯ ಬಿಸಿಲಿಗೆ ಶಾಮಿಯಾನದಡಿ ನಿಲ್ಲುವುದಾದರೆ ಇಷ್ಟೆಲ್ಲ ಮಾಡಿದರೂ ಭರವಸೆ ಅರ್ಧ. ಚಳಿಗಾಲದ ಮುಹೂರ್ತಕ್ಕೆ ಹೊಂದಿದ್ದು ಬೇಸಿಗೆಯದಕ್ಕೆ ಹೊಂದಬೇಕೆಂದೇನೂ ಇಲ್ಲ.

ಬಟ್ಟೆಯ ಹಿನ್ನೆಲೆಯ ಅಗಲವಾದ ಬಾಡಿ ಟೇಪು ಇದಕ್ಕಿಂತ ಹೆಚ್ಚು ಎತ್ತಿ ಹಿಡಿಯುತ್ತದೆ, ಏಕೆಂದರೆ ಎದೆಯ ಕೆಳಗಿನಿಂದ ಹೆಗಲಿನತ್ತ ಎಳೆದು ಅಂಟಿಸಿದಾಗ ಭಾರ ಹೆಗಲ ಚರ್ಮಕ್ಕೆ ಹಂಚಿಹೋಗುತ್ತದೆ. ತೊಟ್ಟಿನ ಮೇಲೆ ಮೊದಲು ಹತ್ತಿಯ ತುಂಡೋ ಮುಚ್ಚುವ ಪ್ಯಾಚೋ ಇಡಬೇಕು. ಟೇಪನ್ನು ಎಳೆದು ಕೀಳಬಾರದು. ಕೊಬ್ಬರಿ ಎಣ್ಣೆ ಸವರಿ ಹತ್ತು ನಿಮಿಷ ಬಿಟ್ಟರೆ ತಾನೇ ಸಡಿಲವಾಗುತ್ತದೆ. ಹಿಂದಿನ ದಿನ ವೈರಿಯಾಗಿದ್ದ ಎಣ್ಣೆ ಆಮೇಲೆ ನೆಂಟ. ಯಾವುದೇ ಅಂಟನ್ನೂ ವಾರ ಮೊದಲೇ ಒಂದು ಸಣ್ಣ ತುಂಡಿನಷ್ಟು ಒಳತೋಳಿಗೋ ಪಕ್ಕೆಗೋ ಹಚ್ಚಿ ಕೆಲವು ಗಂಟೆ ನೋಡಬೇಕು. ತುರಿಕೆ, ಕೆಂಪು ಎದ್ದರೆ ಆ ದಾರಿ ಮುಚ್ಚಿತು. ಎಳೆಗೂಸಿಗೆ ಹಾಲೂಡಿಸುವ ತಾಯಂದಿರಿಗೆ ಅಂಟೂ ಬೇಡ, ಅತಿ ಬಿಗಿಯೂ ಬೇಡ. ಮೆತ್ತನೆಯ ಬ್ರಾ ಅಡಗುವಷ್ಟು ಬೆನ್ನಿನ ರವಿಕೆಯನ್ನೇ ಅವರು ಹೊಲಿಸಿಕೊಳ್ಳುವುದು ಒಳ್ಳೆಯದು. ಮಂಟಪದಿಂದ ಎದ್ದು ಹೋಗಿ ಮಗುವಿಗೆ ಹಾಲು ಕೊಡುವಾಗ ಮುಂದಿನ ಹುಕ್ಕಿನ ಬೆಲೆ ಅವರಿಗೆ ಗೊತ್ತಾಗುತ್ತದೆ.

ಕಾಣುವುದು, ಕಾಣದಿರುವುದು

ತೆಳು ಬಟ್ಟೆಯಡಿ ಬಿಳಿ ಒಳ ಉಡುಪು ಕಾಣುವುದಿಲ್ಲ ಎಂಬ ನಂಬಿಕೆ ಎಷ್ಟು ಹಳೆಯದೋ ಅಷ್ಟೇ ತಪ್ಪು. ಕಣ್ಣು ಹಿಡಿಯುವುದು ಅಂಚನ್ನು, ಅಂದರೆ ಮೈಬಣ್ಣ ಮುಗಿದು ಬೇರೆ ಬಣ್ಣ ಶುರುವಾಗುವ ಗೆರೆಯನ್ನು. ಗೋಧಿ ಬಣ್ಣದ, ಕಪ್ಪು ಬಣ್ಣದ ಮೈಯ ಮೇಲೆ ಬಿಳಿಯಷ್ಟು ಎದ್ದು ಕಾಣುವ ಬಣ್ಣ ಬೇರೊಂದಿಲ್ಲ. ತೊಡುವವರ ಮೈಬಣ್ಣಕ್ಕೆ ಹತ್ತಿರದ್ದೇ ಸರಿಯಾದ ಬಣ್ಣ. ಡಬ್ಬಿಯ ಮೇಲೆ ‘ಸ್ಕಿನ್ ಕಲರ್’ ಎಂದು ಬರೆದ ನಸುಗುಲಾಬಿ ಯಾರ ಮೈಬಣ್ಣ ಎಂಬುದನ್ನು ಕಂಪನಿಗಳೇ ಹೇಳಬೇಕು. ನಮ್ಮ ಕಡೆಯ ಹೆಚ್ಚಿನವರಿಗೆ ಕಂದು, ಕಾಫಿ, ಚಾಕೊಲೇಟಿನ ಛಾಯೆಗಳು ಹೊಂದುತ್ತವೆ. ಗಾಢ ಬಣ್ಣದ ತೆಳು ಬಟ್ಟೆಗೆ ಅದೇ ಗಾಢ ಬಣ್ಣದ ಒಳ ಉಡುಪೂ ನಡೆಯುತ್ತದೆ. ಲೇಸು, ಹೊಲಿಗೆಯ ಏಣುಗಳಿಲ್ಲದ ನುಣುಪಾದ ಕಪ್ ಬೇಕು. ನೆಟ್ಟಿನ ತೋಳು ಮತ್ತು ಬೆನ್ನಿರುವ ರವಿಕೆಯಲ್ಲಿ ಎದೆಯ ಭಾಗಕ್ಕೆ ಮಾತ್ರ ಅಸ್ತರು ಕೊಡುವಾಗ ಅಸ್ತರಿನ ಅಂಚು ಬ್ರಾದ ಅಂಚಿಗಿಂತ ಅರ್ಧ ಇಂಚಾದರೂ ಹೊರಗಿರಬೇಕು.

ಪರೀಕ್ಷೆ ಬೆಳಕಿನದು. ಮನೆಯ ಟ್ಯೂಬ್‌ಲೈಟಿನಲ್ಲಿ ಕಾಣದ್ದು ವಿಡಿಯೋದವರ ದೀಪದಲ್ಲಿ ಕಾಣುತ್ತದೆ, ಹಿಂದಿನಿಂದ ಬಿದ್ದ ಬೆಳಕಿನಲ್ಲಿ ಇನ್ನೂ ಹೆಚ್ಚು. ಪೂರ್ತಿ ಉಟ್ಟು, ಕತ್ತಲ ಕೋಣೆಯಲ್ಲಿ ಮೊಬೈಲಿನ ಫ್ಲ್ಯಾಶ್ ಹಾಕಿ ಮುಂದಿನಿಂದ, ಹಿಂದಿನಿಂದ, ಪಕ್ಕದಿಂದ ಒಂದೊಂದು ಫೋಟೋ ತೆಗೆದರೆ ಕನ್ನಡಿ ಹೇಳದ್ದನ್ನು ಅದು ಹೇಳುತ್ತದೆ. ಬಾಗಿಲಿಗೆ ಬೆನ್ನು ಹಾಕಿ ಹಗಲಲ್ಲಿ ನಿಂತೂ ನೋಡಬೇಕು. ಮಂಟಪದ ಬಾಗಿಲಲ್ಲಿ ಬೆಳಕು ಬರುವುದು ಹಾಗೆಯೇ.

ಸೊಂಟದ ಕೆಳಗೆ ಪರಕಾರವೇ ಎಲ್ಲ. ತೆಳು ಸೀರೆಗೆ ಅದು ಸೀರೆಯ ಬಣ್ಣದ್ದೇ ಆಗಿದ್ದು ಸೀರೆಯ ಅಂಚಿಗಿಂತ ಒಂದಿಂಚು ಮಾತ್ರ ಮೇಲಿರಬೇಕು. ಮೊಣಕಾಲ ಕೆಳಗೇ ಮುಗಿದರೆ ಅಲ್ಲೊಂದು ಗೆರೆ ಸ್ಪಷ್ಟ. ಸ್ಯಾಟಿನ್ ಪರಕಾರ ಹೊಳಪು ಕೊಡುತ್ತದೆ, ಆದರೆ ಅದರ ಮೇಲೆ ನೆಟ್ ಸೀರೆಯ ನೆರಿಗೆ ಜಾರುತ್ತದೆ. ಹತ್ತಿಯದು ಹಿಡಿಯುತ್ತದೆ, ಸೊಂಟದಲ್ಲಿ ಮಾತ್ರ ದಪ್ಪ. ಕಲ್ಲು, ಮಣಿ ಕೂಡಿಸಿದ ಭಾರದ ಸೀರೆಯನ್ನು ನಿಲ್ಲಿಸಲು ಲಾಡಿಯನ್ನು ಬಿಗಿಯಾಗಿ ಎಳೆದು ಕಟ್ಟುವುದು ರೂಢಿ. ವರ್ಷಗಟ್ಟಲೆ ಹಾಗೆ ಬಿಗಿದ ಲಾಡಿಯಡಿ ಚರ್ಮ ಉಜ್ಜಿ ಹುಣ್ಣಾಗಿ, ಅಪರೂಪಕ್ಕೆ ಆ ಹುಣ್ಣು ಚರ್ಮದ ಕ್ಯಾನ್ಸರಿಗೂ ತಿರುಗಿದ ಎರಡು ಪ್ರಕರಣಗಳನ್ನು ವರ್ಧಾ ಮತ್ತು ಬಿಹಾರದ ವೈದ್ಯರು 2024ರಲ್ಲಿ ಬ್ರಿಟನ್ನಿನ ವೈದ್ಯಪತ್ರಿಕೆಯೊಂದರಲ್ಲಿ ವರದಿ ಮಾಡಿದ್ದಾರೆ. ಒಂದು ಸಂಜೆಯ ಬಿಗಿತದಿಂದ ಅಂಥದ್ದೇನೂ ಆಗದು. ಆದರೂ ಭಾರದ ಸೀರೆಗೆ ತೆಳು ಲಾಡಿಯ ಬದಲು ಎರಡು ಮೂರು ಇಂಚು ಅಗಲದ ಪಟ್ಟಿ ಇರುವ ಪರಕಾರ ಹೊಲಿಸಿದರೆ ಅದೇ ಭಾರ ಅಗಲಕ್ಕೆ ಹಂಚಿಹೋಗಿ ಗೆರೆ ಬೀಳುವುದಿಲ್ಲ, ನೆರಿಗೆಯೂ ಗಟ್ಟಿ ನಿಲ್ಲುತ್ತದೆ.

ಪರಕಾರದ ಬದಲು ಸೊಂಟದಿಂದ ಪಾದದವರೆಗೆ ಮೈಗಂಟಿ ಕೂರುವ ಶೇಪ್‌ವೇರ್ ಈಗ ಎಲ್ಲೆಡೆ ಸಿಗುತ್ತದೆ. ಇದು ಸಾಧ್ಯವಾದದ್ದು 1958ರಲ್ಲಿ ಡ್ಯುಪಾಂಟ್ ಕಂಪನಿಯ ಜೋಸೆಫ್ ಶಿವರ್ಸ್ ರೂಪಿಸಿದ ಸ್ಪ್ಯಾಂಡೆಕ್ಸ್ ನೂಲಿನಿಂದ. ಸೊಂಟದ ದಪ್ಪ ಕಡಿಮೆಯಾಗಿ ಸೀರೆ ಚಂದ ಕೂರುತ್ತದೆ ಎಂಬುದು ನಿಜ. ಹೆಜ್ಜೆಯ ಅಗಲವೂ ಅಷ್ಟೇ ಕಡಿಮೆಯಾಗುತ್ತದೆ; ಪಕ್ಕದಲ್ಲಿ ಸೀಳು ಇಲ್ಲದ್ದನ್ನು ತೊಟ್ಟು ಮಂಟಪದ ಮೆಟ್ಟಿಲು ಹತ್ತುವುದು, ಪಂಕ್ತಿಯಲ್ಲಿ ಕೆಳಗೆ ಕೂತು ಊಟ ಮಾಡುವುದು ಎರಡೂ ಪೇಚಿನ ಕೆಲಸ. ತನ್ನ ಅಳತೆಗಿಂತ ಚಿಕ್ಕದು ತೊಟ್ಟರೆ ಹೆಚ್ಚು ತೆಳ್ಳಗೆ ಕಾಣುವುದಿಲ್ಲ. ಒತ್ತಿದ ಮೈ ಮೇಲಿನ ಅಂಚಿನಲ್ಲಿ ಉಬ್ಬುತ್ತದೆ, ಆಳ ಬೆನ್ನಿನ ರವಿಕೆಯ ಕೆಳಗೆ ಆ ಉಬ್ಬೇ ಮೊದಲು ಕಾಣುವುದು.

ಎಲ್ಲವನ್ನೂ ಆರಿಸಿದ ಮೇಲೆ ಒಂದು ತಾಲೀಮು ಬೇಕು. ಒಳಗಿನಿಂದ ಹೊರಗಿನವರೆಗೆ ಪೂರ್ತಿ ಉಟ್ಟು ಒಂದು ಗಂಟೆ ಮನೆಯಲ್ಲಿ ಓಡಾಡಬೇಕು. ಬಗ್ಗಿ ಹಿರಿಯರ ಕಾಲು ಮುಟ್ಟುವಂತೆ, ಕೈ ಎತ್ತಿ ಹಾರ ಹಾಕುವಂತೆ, ನೆಲಕ್ಕೆ ಕೂತು ಏಳುವಂತೆ ಮಾಡಿ ನೋಡಬೇಕು. ಮದುವೆಯ ದಿನ ತಪ್ಪದೆ ಮಾಡಬೇಕಾದ ಕೆಲಸಗಳಿವು. ಜಾರುವುದು, ಇಣುಕುವುದು ಏನಿದ್ದರೂ ಇಷ್ಟರಲ್ಲಿ ತಿಳಿಯುತ್ತದೆ. ರವಿಕೆಯ ಒಳಬದಿಯಲ್ಲಿ ಎರಡು ಪಿನ್ನು, ಪರ್ಸಿನಲ್ಲಿ ಸೂಜಿದಾರ ಇರಲಿ.

ತೊಟ್ಟು ಮುಗಿದ ಮೇಲೆ ಸಿಲಿಕೋನ್ ಕಪ್ಪುಗಳನ್ನು ಉಗುರುಬೆಚ್ಚಗಿನ ನೀರು ಮತ್ತು ಮೆದು ಸೋಪಿನಲ್ಲಿ ಬೆರಳಿಂದ ತೊಳೆದು, ಒರೆಸದೆ ಗಾಳಿಗೆ ಒಣಗಿಸಿ, ಮೊದಲಿದ್ದ ಪ್ಲಾಸ್ಟಿಕ್ ಹಾಳೆಯನ್ನೇ ಮತ್ತೆ ಅಂಟಿಸಿ ಇಡಬೇಕು. ಧೂಳು ಕೂತ ಅಂಟು ಮತ್ತೆ ಹಿಡಿಯುವುದಿಲ್ಲ. ಕಪ್ಪು ಹೊಲಿದ ರವಿಕೆಯನ್ನು ಹಿಂಡಬಾರದು, ಮಡಚಿದರೆ ಒಂದು ಕಪ್ಪು ಇನ್ನೊಂದರೊಳಗೆ ಕೂರುವಂತೆ ಮಡಚಬೇಕು, ಇಲ್ಲವಾದರೆ ಸ್ಪಂಜಿನಲ್ಲಿ ಬಿದ್ದ ಮಡಿಕೆ ಹೋಗುವುದೇ ಇಲ್ಲ. ಬ್ರಾದ ಎಲಾಸ್ಟಿಕ್ಕಿಗೆ ಬಿಸಿನೀರೂ ಇಸ್ತ್ರಿಯೂ ಆಗದು. ಅರಿಶಿನದ ಕಲೆ ತಗಲಿದ ಕಪ್ಪನ್ನು ಬಟ್ಟೆ ಸೋಪಿನಿಂದ ಉಜ್ಜಿದಾಗ ಅದು ಕೆಂಪಾಗುವುದನ್ನು ಕಂಡು ಗಾಬರಿಯಾಗಬೇಕಿಲ್ಲ. ಸೋಪಿನ ಕ್ಷಾರಕ್ಕೆ ಅರಿಶಿನ ತೋರುವ ಬಣ್ಣ ಅದು, ನೀರಿನಲ್ಲಿ ಜಾಲಿಸಿದರೆ ಹಳದಿಗೆ ಮರಳುತ್ತದೆ. ಉಳಿದ ಹಳದಿಗೆ ಬಿಸಿಲೇ ಮದ್ದು: ಅರಿಶಿನದ ಬಣ್ಣ ಬೆಳಕಿಗೆ ತಾಳುವುದಿಲ್ಲ, ಎರಡು ಮೂರು ದಿನ ಒದ್ದೆ ಮಾಡಿ ಒಣಹಾಕಿದರೆ ತಾನೇ ಮಾಸುತ್ತದೆ. ಎಲಾಸ್ಟಿಕ್ ಇರುವ ಭಾಗವನ್ನು ಮಾತ್ರ ಬಿಸಿಲಿನಿಂದ ಮರೆಮಾಡಿ, ಕಲೆಯಿರುವ ಕಡೆಯನ್ನಷ್ಟೇ ಹೊರಗೆ ಬಿಡಬೇಕು.